ಪರೀಕ್ಷಕರು ಕೊಟ್ಟ ಅಂಕವನ್ನು ಕೋರ್ಟಿನಲ್ಲಿ ಪ್ರಶ್ನಿಸಬಹುದೇ?

ಪ್ರಶ್ನೆ: ನಾನು ಎಂಬಿಬಿಎಸ್ ಎರಡನೇ ಹಂತದ ವಿದ್ಯಾರ್ಥಿ. ಪೆಥಾಲಜಿ ಥಿಯರಿಯಲ್ಲಿ ನಾಲ್ಕು ಅಂಕದಿಂದ ಫೇಲ್ ಆಗಿದ್ದೇನೆ, ಉಳಿದ ವಿಷಯಗಳೆಲ್ಲಾ ಪಾಸ್. ಪೇಪರ್ ಚೆನ್ನಾಗಿಯೇ ಬರೆದಿದ್ದೆ. ನನ್ನಷ್ಟೇ ಬರೆದ ಗೆಳೆಯರು ಪಾಸಾಗಿದ್ದಾರೆ. ವೈವಾದಲ್ಲಿ (ಮೌಖಿಕ ಪರೀಕ್ಷೆಯಲ್ಲಿ) ಒಬ್ಬ ಪರೀಕ್ಷಕರು ಸಿಟ್ಟಿನಿಂದ ನಡೆದುಕೊಂಡರು. ವಿಶ್ವವಿದ್ಯಾಲಯಕ್ಕೆ ಮನವಿ ಕೊಟ್ಟರೆ, ‘ಮರುಮೌಲ್ಯಮಾಪನಕ್ಕೆ ಅವಕಾಶವಿಲ್ಲ, ಅಂಕ ಕೊಡುವುದು ಪರೀಕ್ಷಕರ ವಿವೇಚನೆ, ಗ್ರೇಸ್ ಅಂಕವೂ ಇಲ್ಲ’ ಎಂಬ ಉತ್ತರ ಬಂತು. ಮಾವ ಗ್ರಾಹಕರ ಕೋರ್ಟಿಗೆ ಹೋಗು ಅನ್ನುತ್ತಾರೆ, ಸೀನಿಯರ್ ಒಬ್ಬರು ಹೈಕೋರ್ಟಿಗೆ ಹೋಗು ಅನ್ನುತ್ತಾರೆ. ಕೋರ್ಟ್ ನನ್ನ ಪೇಪರ್ ತರಿಸಿ ನೋಡುತ್ತದೆಯೇ? ಏನು ಮಾಡಲಿ?

ಉತ್ತರ: ನೇರವಾಗಿಯೇ ಹೇಳುತ್ತೇನೆ. ‘ಈ ಉತ್ತರಕ್ಕೆ ಆರು ಅಂಕ ಬರಬೇಕಿತ್ತು, ನಾಲ್ಕೇ ಕೊಟ್ಟಿದ್ದಾರೆ’ ಎಂಬ ವಾದ ಹಿಡಿದುಕೊಂಡು ಹೈಕೋರ್ಟಿಗೆ ಹೋದರೆ ಸೋಲುವ ಸಾಧ್ಯತೆಯೇ ಜಾಸ್ತಿ. ಆದರೆ ನಿಮ್ಮ ಪೇಪರ್ ತಿದ್ದುವಾಗ ವಿಶ್ವವಿದ್ಯಾಲಯ ತನ್ನದೇ ನಿಯಮ ಮುರಿದಿದೆ ಅಂತ ದಾಖಲೆ ಸಮೇತ ತೋರಿಸಿದರೆ ಕೋರ್ಟ್ ಕಿವಿಗೊಡುತ್ತದೆ. ಎಷ್ಟು ಅಂಕ ಅನ್ನುವುದು ಪರೀಕ್ಷಕರ ವಿವೇಚನೆ, ಸರಿ. ಆ ಅಂಕಕ್ಕೆ ಹೇಗೆ ಬಂದರು ಅನ್ನುವುದು ಯಾರ ವಿವೇಚನೆಗೂ ಬಿಟ್ಟದ್ದಲ್ಲ, ಅದಕ್ಕೆ ನಿಯಮ ಇರುತ್ತದೆ. ನಿಮ್ಮ ಕೇಸ್ ಇದ್ದರೆ ಅಲ್ಲೇ ಇರಬೇಕು.

ಕೋರ್ಟುಗಳು ಯಾಕೆ ಹಿಂದೆ ಸರಿಯುತ್ತವೆ ಅಂತ ತಿಳಿದುಕೊಂಡರೆ ಮುಂದಿನದು ಸುಲಭ. ಇದು ಹಳೆಯ ಧೋರಣೆ. ನಮ್ಮ ಮೈಸೂರು ವಿಶ್ವವಿದ್ಯಾಲಯದ್ದೇ ಒಂದು ಪ್ರಕರಣವಿದೆ. ಇಂಗ್ಲಿಷ್ ರೀಡರ್ ಹುದ್ದೆಯ ನೇಮಕವೊಂದನ್ನು ಮೈಸೂರು ಹೈಕೋರ್ಟ್ ರದ್ದು ಮಾಡಿತ್ತು. 1963ರಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನು ತಳ್ಳಿಹಾಕಿ, ಶೈಕ್ಷಣಿಕ ವಿಷಯಗಳಲ್ಲಿ ತಜ್ಞರ ಮಂಡಳಿಯ ಅಭಿಪ್ರಾಯದ ಮೇಲೆ ಕೋರ್ಟುಗಳು ತಮ್ಮ ಅಭಿಪ್ರಾಯ ಹೇರಲು ಹಿಂಜರಿಯಬೇಕು ಎಂದಿತು. ಪರೀಕ್ಷೆಯ ಮಟ್ಟಿಗೆ ದೊಡ್ಡ ತೀರ್ಪು ಬಂದದ್ದು 1984ರಲ್ಲಿ, ಮಹಾರಾಷ್ಟ್ರ ಪರೀಕ್ಷಾ ಮಂಡಳಿಯ ಪ್ರಕರಣದಲ್ಲಿ. ಉತ್ತರ ಪತ್ರಿಕೆ ತೋರಿಸುವುದಿಲ್ಲ, ಮರುಮೌಲ್ಯಮಾಪನವೂ ಇಲ್ಲ ಎಂಬ ಮಂಡಳಿಯ ನಿಯಮವನ್ನು ಬಾಂಬೆ ಹೈಕೋರ್ಟ್ ಹೊಡೆದುಹಾಕಿತ್ತು. ಸುಪ್ರೀಂ ಕೋರ್ಟ್ ಅದನ್ನು ಮತ್ತೆ ಎತ್ತಿ ನಿಲ್ಲಿಸಿತು. ಲಕ್ಷಾಂತರ ಮಕ್ಕಳ ಫಲಿತಾಂಶಕ್ಕೆ ಒಂದು ಕೊನೆ ಅಂತ ಇರಬೇಕು, ಪೇಪರ್ ತಿದ್ದುವ ಕೆಲಸ ಗೊತ್ತಿರುವುದು ತಿದ್ದುವವರಿಗೆ ಎಂಬುದು ಅದರ ತಿರುಳು.

ಆಮೇಲೆ 2017ರ ಡಿಸೆಂಬರ್‌ನಲ್ಲಿ, ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿಗೆ ಸಂಬಂಧಿಸಿದ ರಣ್ ವಿಜಯ್ ಸಿಂಗ್ ಪ್ರಕರಣದಲ್ಲಿ, ಸುಪ್ರೀಂ ಕೋರ್ಟ್ ಇದನ್ನೆಲ್ಲ ಒಟ್ಟುಗೂಡಿಸಿ ಹೇಳಿತು. ನಿಯಮದಲ್ಲಿ ಮರುಮೌಲ್ಯಮಾಪನ ಇದ್ದರೆ ಅದನ್ನು ಕೊಡಬಹುದು. ಇಲ್ಲದಿದ್ದರೆ, ತಪ್ಪು ಕಣ್ಣಿಗೆ ಹೊಡೆಯುವಷ್ಟು ಸ್ಪಷ್ಟವಾಗಿರಬೇಕು, ತರ್ಕ ಹೆಣೆದು ತೋರಿಸಬೇಕಾದಂಥ ತಪ್ಪು ಸಾಲದು. ಅದೂ ಅಪರೂಪದ ಸಂದರ್ಭದಲ್ಲಿ ಮಾತ್ರ. ಅನುಮಾನ ಉಳಿದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೆ. ಅನುಕಂಪಕ್ಕೆ ಇಲ್ಲಿ ಜಾಗವಿಲ್ಲ ಅಂತಲೂ ಕೋರ್ಟ್ ಹೇಳಿದೆ. ಆದ್ದರಿಂದ ‘ನಾಲ್ಕೇ ಅಂಕ, ಒಂದು ವರ್ಷ ಹಾಳಾಗುತ್ತದೆ’ ಎಂಬ ಮಾತು ಎಷ್ಟೇ ನಿಜವಾಗಿದ್ದರೂ ಅರ್ಜಿಯಲ್ಲಿ ಅದು ಕೆಲಸ ಮಾಡುವುದಿಲ್ಲ.

ಕೋರ್ಟ್ ಪೇಪರ್ ತರಿಸಿ ನೋಡುತ್ತದೆಯೇ ಅಂತ ಕೇಳಿದ್ದೀರಿ. ವೈದ್ಯಕೀಯ ವಿದ್ಯಾರ್ಥಿಗಳದ್ದೇ ಒಂದು ಪ್ರಕರಣದಲ್ಲಿ ಹಾಗೆ ಆಗಿತ್ತು. ಆಂಧ್ರದ ಡಾ. ಎನ್‌ಟಿಆರ್ ಆರೋಗ್ಯ ವಿಜ್ಞಾನಗಳ ವಿಶ್ವವಿದ್ಯಾಲಯದ ಸ್ನಾತಕೋತ್ತರ ಪರೀಕ್ಷೆ ಅದು. ಪೇಪರ್‌ಗಳನ್ನು ಡಿಜಿಟಲ್ ಆಗಿ ತಿದ್ದಿದ್ದರು. ಫೇಲಾದವರು ಹೈಕೋರ್ಟಿಗೆ ಹೋದರು. ಹೈಕೋರ್ಟ್ ಉತ್ತರ ಪತ್ರಿಕೆಗಳನ್ನು ತರಿಸಿಕೊಂಡಿತು, ತಾನೇ ನೋಡಿತು, ಮತ್ತೆ ತಿದ್ದಿಸಿ ಅಂದಿತು. 2022ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ನಿಯಮದಲ್ಲಿ ಮರುಮೌಲ್ಯಮಾಪನ ಇಲ್ಲದಿರುವಾಗ ಹೈಕೋರ್ಟ್ ಪೇಪರ್ ತರಿಸಿ ನೋಡಿ ಹೀಗೆ ಆದೇಶ ಕೊಡುವಂತಿಲ್ಲ ಎಂದಿತು. ನಿಮ್ಮ ವಿಶ್ವವಿದ್ಯಾಲಯದ ವಕೀಲರು ಮೊದಲ ದಿನವೇ ಮುಂದಿಡುವ ತೀರ್ಪು ಇದೇ.

ಇಲ್ಲಿ ನನ್ನ ಅಭಿಪ್ರಾಯವನ್ನೂ ಹೇಳಿಬಿಡುತ್ತೇನೆ. ಪೆಥಾಲಜಿ ಉತ್ತರಕ್ಕೆ ನ್ಯಾಯಾಧೀಶರು ಅಂಕ ಹಾಕಬಾರದು ಎಂಬುದನ್ನು ನಾನು ಪೂರ್ತಿ ಒಪ್ಪುತ್ತೇನೆ. ಫಲಿತಾಂಶ ಬೇಗ ಮುಗಿಯಬೇಕು, ಆದ್ದರಿಂದ ಮತ್ತೆ ತಿದ್ದುವುದು ಬೇಡ ಎಂಬುದನ್ನು ಅಷ್ಟು ಸುಲಭವಾಗಿ ಒಪ್ಪಲಾರೆ. 1984ರಲ್ಲಿ ಪೇಪರ್ ಕಟ್ಟುಗಳನ್ನು ಊರಿಂದೂರಿಗೆ ಸಾಗಿಸಬೇಕಿತ್ತು, ಆಗ ಆ ಮಾತಿಗೆ ತೂಕವಿತ್ತು. ಈಗ ಸ್ಕ್ಯಾನ್ ಆದ ಪೇಪರ್ ಇನ್ನೊಬ್ಬ ಪರೀಕ್ಷಕರ ಪರದೆಗೆ ಹೋಗಲು ಎಷ್ಟು ಹೊತ್ತು ಬೇಕು? ಅದರಲ್ಲೂ ವೈದ್ಯಕೀಯ ಪರೀಕ್ಷೆಯಲ್ಲಿ ಒಂದು ವಿಷಯ ನಿಂತರೆ ಇಡೀ ಬ್ಯಾಚ್ ಮುಂದೆ ಹೋಗಿ ಒಬ್ಬರು ಹಿಂದೆ ಉಳಿಯುತ್ತಾರೆ. ರಾಷ್ಟ್ರೀಯ ವೈದ್ಯಕೀಯ ಆಯೋಗದ (ಎನ್‌ಎಂಸಿ) 2023ರ ನಿಯಮಾವಳಿಯ ಪ್ರಕಾರ ಸೇರಿದ ದಿನದಿಂದ 9 ವರ್ಷದೊಳಗೆ ಕೋರ್ಸ್ ಮುಗಿಸಬೇಕು. ಇಷ್ಟು ಬಿಗಿ ನಿಯಮ ಮಕ್ಕಳ ಮೇಲೆ ಹಾಕುವವರು ತಮ್ಮ ತಪ್ಪು ಪರಿಶೀಲಿಸಿಕೊಳ್ಳುವ ಒಂದು ದಾರಿಯನ್ನಾದರೂ ತೆರೆದಿಡಬೇಕು. ಆದರೆ ಆ ದಾರಿ ತೆರೆಯಬೇಕಾದವರು ನಿಯಮ ಮಾಡುವವರು. ನಿಮ್ಮೊಬ್ಬರ ಅರ್ಜಿಯಿಂದ ಅದು ಆಗುವ ಭರವಸೆ ಕೊಡಲಾರೆ.

ಹಾಗಾದರೆ ವಿದ್ಯಾರ್ಥಿಗಳು ಗೆದ್ದದ್ದೇ ಇಲ್ಲವೇ? ಗೆದ್ದಿದ್ದಾರೆ. ಎಲ್ಲಿ ಗೆದ್ದರು ಅಂತ ನೋಡಿ. 1983ರ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣ ವೈದ್ಯಕೀಯ ಪ್ರವೇಶ ಪರೀಕ್ಷೆಯದ್ದು. ಬಹು ಆಯ್ಕೆಯ ಪ್ರಶ್ನೆಗಳು, ಕೀ ಉತ್ತರವೇ (ತಿದ್ದಲು ಇಟ್ಟುಕೊಂಡ ಸರಿ ಉತ್ತರವೇ) ತಪ್ಪಾಗಿತ್ತು. ಮಾನ್ಯ ಪಠ್ಯಪುಸ್ತಕಗಳನ್ನು ತೆರೆದರೆ ತಪ್ಪು ಕಾಣುತ್ತಿತ್ತು. ಕೀ ಉತ್ತರ ಸರಿ ಅಂತಲೇ ಭಾವಿಸಬೇಕು, ಆದರೆ ತಪ್ಪೆಂದು ಸಾಬೀತಾದರೆ ಸರಿಯಾಗಿ ಬರೆದ ವಿದ್ಯಾರ್ಥಿಯನ್ನು ಶಿಕ್ಷಿಸಬಾರದು ಎಂದಿತು ಸುಪ್ರೀಂ ಕೋರ್ಟ್. 2005ರಲ್ಲಿ ರಾಜಸ್ಥಾನದ ವೈದ್ಯಕೀಯ, ದಂತ ವೈದ್ಯಕೀಯ ಪ್ರವೇಶ ಪರೀಕ್ಷೆಯ ವಿಷಯದಲ್ಲೂ ಇದೇ ಆಯಿತು. ಇನ್ನು 2024ರ ನೀಟ್ ನಿಮಗೇ ನೆನಪಿರಬೇಕು. ಭೌತಶಾಸ್ತ್ರದ ಒಂದು ಪ್ರಶ್ನೆಗೆ ಎರಡು ಆಯ್ಕೆಗಳನ್ನೂ ಸರಿ ಅಂತ ಲೆಕ್ಕ ಹಿಡಿದಿದ್ದರು. ಯಾವುದು ಸರಿ ಅಂತ ಕೋರ್ಟ್ ತಾನೇ ನಿರ್ಧರಿಸಲು ಹೋಗಲಿಲ್ಲ. ದಿಲ್ಲಿಯ ಐಐಟಿ ನಿರ್ದೇಶಕರಿಗೆ ಮೂವರು ತಜ್ಞರ ತಂಡ ಮಾಡಿ ಮರುದಿನ ಮಧ್ಯಾಹ್ನದೊಳಗೆ ಹೇಳಿ ಎಂದಿತು. ಅವರು ಒಂದೇ ಉತ್ತರ ಸರಿ ಎಂದರು. 4 ಲಕ್ಷಕ್ಕೂ ಹೆಚ್ಚು ಮಂದಿಯ ಅಂಕ ಬದಲಾಯಿತು.

ಈ ಮೂರರಲ್ಲೂ ಪ್ರಶ್ನೆಗೆ ಒಂದೇ ಸರಿ ಉತ್ತರ ಇತ್ತು. ನಿಮ್ಮದು ಬರವಣಿಗೆಯ ಪೇಪರ್. ನೆಫ್ರೋಟಿಕ್ ಸಿಂಡ್ರೋಮ್ ಎಂಬ ಮೂತ್ರಪಿಂಡದ ತೊಂದರೆಯ ಬಗ್ಗೆ ಒಬ್ಬರು ಕಾರಣಗಳನ್ನು ಬರೆದು ಚಿತ್ರ ಬಿಟ್ಟಿರುತ್ತಾರೆ, ಇನ್ನೊಬ್ಬರು ಚಿತ್ರ ಬರೆದು ಮೈಕ್ರೋಸ್ಕೋಪಿಯಲ್ಲಿ ಎರಡೇ ಸಾಲು ಹಾಕಿರುತ್ತಾರೆ. ಇಬ್ಬರು ಒಳ್ಳೆಯ ಪರೀಕ್ಷಕರು ಪ್ರಾಮಾಣಿಕವಾಗಿ ತಿದ್ದಿದರೂ ಒಂದೆರಡು ಅಂಕ ಆಚೀಚೆ ಆಗುತ್ತದೆ. ಗೆಳೆಯರು ನಿಮ್ಮಷ್ಟೇ ಬರೆದಿದ್ದರು ಎಂಬ ವಾದ ಕೋರ್ಟಿನಲ್ಲಿ ನಿಲ್ಲದಿರುವುದು ಇದಕ್ಕೇ.

ಆದ್ದರಿಂದ ಮೊದಲು ನಿಮ್ಮ ಪೇಪರ್ ಕೈಗೆ ಬರಲಿ. ಇದು ನಿಮ್ಮ ಹಕ್ಕು. 2011ರ ಆದಿತ್ಯ ಬಂದೋಪಾಧ್ಯಾಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ತಿದ್ದಿದ ಉತ್ತರ ಪತ್ರಿಕೆ ಮಾಹಿತಿ ಹಕ್ಕು ಕಾಯ್ದೆಯ ಕೆಳಗೆ ಬರುವ ಮಾಹಿತಿ, ಅದನ್ನು ಬರೆದ ವಿದ್ಯಾರ್ಥಿಗೆ ಕೊಡಬೇಕು ಎಂದಿದೆ. ತೋರಿಸುವುದಿಲ್ಲ ಎಂಬ ಪರೀಕ್ಷಾ ಸಂಸ್ಥೆಯ ಒಳ ನಿಯಮ ಈ ಕಾಯ್ದೆಯ ಎದುರು ನಿಲ್ಲುವುದಿಲ್ಲ. ಪರೀಕ್ಷಕರ ಹೆಸರು ಮಾತ್ರ ಸಿಗುವುದಿಲ್ಲ, ಹೆಸರಿರುವ ಭಾಗ ಮುಚ್ಚಿ ಕೊಡುತ್ತಾರೆ. ಅವರ ಸುರಕ್ಷತೆಯ ದೃಷ್ಟಿಯಿಂದ ಅದು ನ್ಯಾಯವೇ. ಪೇಪರ್ ಸಿಕ್ಕಿತು ಅಂದ ಮಾತ್ರಕ್ಕೆ ಮರುಮೌಲ್ಯಮಾಪನದ ಹಕ್ಕು ಬರುವುದಿಲ್ಲ ಅಂತಲೂ ಅದೇ ತೀರ್ಪಿನಲ್ಲಿದೆ. ಇನ್ನೊಂದು ಮಾತೂ ಇದೆ, ಅದನ್ನು ಬಹಳ ಜನ ಗಮನಿಸುವುದಿಲ್ಲ: ಉತ್ತರ ಪತ್ರಿಕೆಗಳನ್ನು ಎಷ್ಟು ಕಾಲ ಇಟ್ಟುಕೊಳ್ಳಬೇಕು ಅಂತ ವಿಶ್ವವಿದ್ಯಾಲಯದ ನಿಯಮ ಇರುತ್ತದೋ ಅಷ್ಟೇ ಕಾಲ ಅದು ಸಿಗುತ್ತದೆ. ಆ ಅವಧಿ ಮುಗಿದು ನಾಶ ಮಾಡಿದ ಮೇಲೆ ಕೇಳಿದರೆ ಏನೂ ಮಾಡಲಾಗದು. ಮನವಿ ಕೊಟ್ಟು ಉತ್ತರಕ್ಕೆ ಕಾಯುತ್ತಾ ಕೂರಬೇಡಿ. ಈ ವಾರವೇ ಆರ್‌ಟಿಐ ಅರ್ಜಿ ಹಾಕಿ. 30 ದಿನದೊಳಗೆ ಉತ್ತರ ಬರಬೇಕು. ಬಾರದಿದ್ದರೆ ಅಥವಾ ನಿರಾಕರಿಸಿದರೆ 30 ದಿನದೊಳಗೆ ಮೊದಲ ಮೇಲ್ಮನವಿ, ಅದಾದ ಮೇಲೆ 90 ದಿನದೊಳಗೆ ಮಾಹಿತಿ ಆಯೋಗಕ್ಕೆ ಎರಡನೇ ಮೇಲ್ಮನವಿ. ವಿಶ್ವವಿದ್ಯಾಲಯದಲ್ಲೇ ಫೋಟೋಕಾಪಿ ಕೊಡುವ ವ್ಯವಸ್ಥೆ ಇದ್ದರೆ ಅದಕ್ಕೂ ಅರ್ಜಿ ಹಾಕಿ, ಅದು ಸಾಮಾನ್ಯವಾಗಿ ಬೇಗ ಆಗುತ್ತದೆ. ರೀಟೋಟಲಿಂಗ್‌ಗೂ (ಅಂಕಗಳನ್ನು ಮತ್ತೆ ಕೂಡಿ ನೋಡುವುದಕ್ಕೂ) ಕೊನೆಯ ದಿನಾಂಕದೊಳಗೆ ಹಾಕಿಬಿಡಿ. ಇರುವ ಪರಿಹಾರ ಬಳಸದೆ ಬಂದಿದ್ದೀರಿ ಅಂತ ನಾಳೆ ಯಾರೂ ಹೇಳಬಾರದು.

ಬರೀ ಪೇಪರ್ ಕೇಳಿ ಸುಮ್ಮನಾಗಬೇಡಿ. ಆ ಪರೀಕ್ಷೆಗೆ ಅನ್ವಯವಾದ ಮೌಲ್ಯಮಾಪನದ ನಿಯಮಾವಳಿಯ ಪ್ರತಿ ಕೇಳಿ. ಪ್ರತಿ ಮೌಲ್ಯಮಾಪಕರು ಪ್ರಶ್ನೆವಾರು ಕೊಟ್ಟ ಅಂಕ ಕೇಳಿ. ಮೂರನೇ ಮೌಲ್ಯಮಾಪನಕ್ಕೆ (ಅದೇನೆಂದು ಮುಂದೆ ಹೇಳುತ್ತೇನೆ) ಹೋಗಿದ್ದರೆ ಅದರ ಅಂಕ, ಹೋಗದಿದ್ದರೆ ಯಾಕೆ ಹೋಗಲಿಲ್ಲ ಎಂಬುದಕ್ಕೆ ಇರುವ ದಾಖಲೆ ಕೇಳಿ. ‘ಯಾಕೆ ಫೇಲ್ ಮಾಡಿದಿರಿ’ ಅಂತ ಪ್ರಶ್ನೆ ರೂಪದಲ್ಲಿ ಕೇಳಿದರೆ ಅದು ಮಾಹಿತಿಯಲ್ಲ ಅಂತ ವಾಪಸ್ ಕಳಿಸುತ್ತಾರೆ. ದಾಖಲೆಯ ಹೆಸರು ಹೇಳಿಯೇ ಕೇಳಬೇಕು.

ಪೇಪರ್ ಕೈಗೆ ಬಂದಾಗ ಮೊದಲು ಉತ್ತರ ಓದಲು ಹೋಗಬೇಡಿ. ಎಲ್ಲರೂ ಅದನ್ನೇ ಮಾಡುತ್ತಾರೆ, ಓದಿ ಸಿಟ್ಟಾಗುತ್ತಾರೆ. ಪುಟ ಎಣಿಸಿ. ಮುಖಪುಟದ ಬಾರ್‌ಕೋಡ್, ಒಳಗಿನ ಕೈಬರಹ ಎರಡೂ ನಿಮ್ಮದೇನಾ ನೋಡಿ. ಹೆಚ್ಚುವರಿ ಹಾಳೆ ತೆಗೆದುಕೊಂಡಿದ್ದರೆ ಅದು ಸ್ಕ್ಯಾನ್ ಆಗಿದೆಯಾ ನೋಡಿ. ಸ್ಕ್ಯಾನ್ ಮಾಡುವಾಗ ಎರಡು ಹಾಳೆ ಅಂಟಿಕೊಂಡು ನಡುವಿನ ಪುಟಗಳು ಬಿಟ್ಟುಹೋದರೆ ಪರೀಕ್ಷಕರಿಗೆ ಆ ಉತ್ತರ ಕಾಣುವುದೇ ಇಲ್ಲ, ಅವರು ಸಹಜವಾಗಿ ಸೊನ್ನೆ ಹಾಕುತ್ತಾರೆ. ಆಮೇಲೆ ಪ್ರಶ್ನೆ ಪತ್ರಿಕೆ ಪಕ್ಕದಲ್ಲಿಟ್ಟುಕೊಂಡು ಪ್ರತಿ ಉಪಪ್ರಶ್ನೆಗೂ ಅಂಕ ಬಿದ್ದಿದೆಯಾ ಹುಡುಕಿ. ಒಂದು ಪ್ರಶ್ನೆಯನ್ನು ಅರ್ಧ ಬರೆದು, ಉಳಿದರ್ಧವನ್ನು ಕೊನೆಯ ಪುಟಗಳಲ್ಲಿ ಮುಂದುವರಿಸಿದ್ದರೆ ಅಲ್ಲೇ ಸಾಮಾನ್ಯವಾಗಿ ತಪ್ಪಿರುತ್ತದೆ. ನಂತರ ಪುಟದ ಅಂಕಗಳನ್ನೂ ಅಂಕಪಟ್ಟಿಯನ್ನೂ ತಾಳೆ ನೋಡಿ. ಬರೆದ ಉತ್ತರವನ್ನು ತಿದ್ದದೇ ಬಿಟ್ಟಿದ್ದರೆ, ಕೂಡುವಾಗ ತಪ್ಪಿದ್ದರೆ, ಬೇರೆಯವರ ಹಾಳೆ ಸೇರಿದ್ದರೆ, ಅದು ವಿವೇಚನೆಯ ಪ್ರಶ್ನೆಯೇ ಅಲ್ಲ. ಅಲ್ಲಿ ಯಾರೂ ತರ್ಕ ಹೆಣೆಯಬೇಕಾಗಿಲ್ಲ, ಎದುರಿಗೆ ಕಾಣುತ್ತದೆ. ಇಂಥದ್ದನ್ನು ಪುಟದ ಸಂಖ್ಯೆ ಸಮೇತ ಬರೆದುಕೊಟ್ಟರೆ ಎಷ್ಟೋ ಸಲ ಪರೀಕ್ಷಾ ವಿಭಾಗವೇ ಸರಿಮಾಡುತ್ತದೆ.

ಇನ್ನು ಎರಡೆರಡು ಸಲ ತಿದ್ದುವ ನಿಯಮ. ಎಷ್ಟೋ ಆರೋಗ್ಯ ವಿಜ್ಞಾನ ವಿಶ್ವವಿದ್ಯಾಲಯಗಳಲ್ಲಿ ಒಂದೇ ಪೇಪರನ್ನು ಇಬ್ಬರು ಬೇರೆಬೇರೆಯಾಗಿ ತಿದ್ದುತ್ತಾರೆ, ಇಬ್ಬರ ನಡುವಿನ ಅಂತರ ಗೊತ್ತುಮಾಡಿದ ಮಿತಿ ದಾಟಿದರೆ ಮೂರನೆಯವರಿಗೆ ಹೋಗುತ್ತದೆ. ನೂರಕ್ಕೆ ಒಬ್ಬರು 58 ಕೊಟ್ಟರು, ಇನ್ನೊಬ್ಬರು 41 ಕೊಟ್ಟರು ಅಂದುಕೊಳ್ಳಿ. ನಿಯಮದ ಮಿತಿ ಶೇಕಡ 15 ಇದ್ದರೆ, 17ರ ಅಂತರಕ್ಕೆ ಮೂರನೆಯವರು ನೋಡಲೇಬೇಕು. ನೋಡದೆ ಸರಾಸರಿ 49.5 ಹಾಕಿದ್ದರೆ ನಿಮಗೆ ಗಟ್ಟಿ ಕೇಸ್ ಇದೆ. 58 ಸರಿಯೋ 41 ಸರಿಯೋ ಅಂತ ಯಾವ ನ್ಯಾಯಾಧೀಶರೂ ಹೇಳಬೇಕಾಗಿಲ್ಲ, ನಿಮ್ಮ ನಿಯಮವನ್ನು ನೀವೇ ಪಾಲಿಸಿ ಅಂದರೆ ಸಾಕು. ಆದರೆ ಅಂತರ 14 ಇದ್ದರೆ? ಆಗ ಎಷ್ಟೇ ಅನ್ಯಾಯ ಅನ್ನಿಸಿದರೂ ನಿಯಮ ನಿಮ್ಮ ಕಡೆ ಇಲ್ಲ. ನಿಮ್ಮ ಪರೀಕ್ಷೆಗೆ ಯಾವ ಮಿತಿ, ಸರಾಸರಿ ಹೇಗೆ ತೆಗೆಯಬೇಕು ಎಂಬುದನ್ನು ನಿಯಮಾವಳಿಯ ಮೂಲ ಪ್ರತಿಯಲ್ಲೇ ಓದಿ, ಸೀನಿಯರ್‌ಗಳ ಬಾಯಿಮಾತು ನಂಬಬೇಡಿ. ಈ ನಿಯಮಗಳು ಬದಲಾಗುತ್ತಲೇ ಇರುತ್ತವೆ. ನಿಮ್ಮ ಬ್ಯಾಚಿಗೆ, ನಿಮ್ಮ ಪರೀಕ್ಷೆಯ ದಿನಕ್ಕೆ ಯಾವುದು ಜಾರಿಯಲ್ಲಿತ್ತು ಎಂಬುದೇ ಮುಖ್ಯ.

ವೈವಾ ವಿಷಯ ಕಷ್ಟದ್ದು. ಅಲ್ಲಿ ಮತ್ತೆ ತೆರೆದು ನೋಡಲು ಪೇಪರ್ ಇಲ್ಲ. ಎದುರಿಗೆ ಕೂತವರು ಏನು ಕಂಡರೋ ಅದೇ ಅಂಕ. ಇದು ನಮ್ಮ ದೇಶದ ಕಥೆ ಮಾತ್ರ ಅಲ್ಲ. ಅಮೆರಿಕದಲ್ಲಿ ಮಿಸೌರಿ ವಿಶ್ವವಿದ್ಯಾಲಯದ ವೈದ್ಯಕೀಯ ವಿದ್ಯಾರ್ಥಿನಿಯೊಬ್ಬರ ಪ್ರಕರಣ 1978ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟಿನವರೆಗೆ ಹೋಗಿತ್ತು, ಹೊರೊವಿಟ್ಜ್ ಪ್ರಕರಣ ಅಂತ ಹೆಸರು. ಓದಿನಲ್ಲಿ ಮುಂದಿದ್ದರು, ಕ್ಲಿನಿಕಲ್ ಕೆಲಸ ತೃಪ್ತಿಕರವಾಗಿಲ್ಲ ಅಂತ ಕೋರ್ಸಿನಿಂದ ತೆಗೆದರು. ತೆಗೆಯುವ ಮೊದಲು ಏಳು ವೈದ್ಯರ ಹತ್ತಿರ ಕಳಿಸಿ ಅಭಿಪ್ರಾಯ ಕೇಳಿದ್ದರು. ಇಬ್ಬರು ಸಮಯಕ್ಕೆ ಸರಿಯಾಗಿ ಪದವಿ ಕೊಡಿ ಎಂದರು, ಇಬ್ಬರು ತಕ್ಷಣ ತೆಗೆಯಿರಿ ಎಂದರು, ಮೂವರು ಈಗಲೇ ಪದವಿ ಬೇಡ, ಇನ್ನಷ್ಟು ದಿನ ಗಮನಿಸಿ ಎಂದರು. ಒಬ್ಬಳೇ ವಿದ್ಯಾರ್ಥಿನಿಯ ಬಗ್ಗೆ ಏಳು ವೈದ್ಯರಿಗೆ ಒಮ್ಮತ ಇಲ್ಲ! ಆದರೂ ಕೋರ್ಟ್ ಸಂಸ್ಥೆಯ ಪರ ನಿಂತಿತು. ಮುಂಚೆಯೇ ಎಚ್ಚರಿಕೆ ಕೊಟ್ಟಿದ್ದರು, ಯೋಚಿಸಿ ನಿರ್ಧರಿಸಿದ್ದರು, ಅಷ್ಟು ಸಾಕು ಎಂದಿತು. ಇಂಗ್ಲೆಂಡಿನಲ್ಲೂ 2014ರಲ್ಲಿ ಭಾರತೀಯ ಮೂಲದ ವೈದ್ಯರ ಸಂಘ, ಕುಟುಂಬ ವೈದ್ಯರ ಕ್ಲಿನಿಕಲ್ ಪರೀಕ್ಷೆಯಲ್ಲಿ ಬಿಳಿಯರಲ್ಲದವರು, ಹೊರದೇಶದಲ್ಲಿ ಓದಿದವರು ತುಂಬಾ ಜಾಸ್ತಿ ಫೇಲಾಗುತ್ತಿದ್ದಾರೆ ಅಂತ ಕೋರ್ಟಿಗೆ ಹೋಗಿತ್ತು. ಅರ್ಜಿ ಬಿದ್ದುಹೋಯಿತು.

ನಿಮ್ಮ ವೈವಾ ಪರೀಕ್ಷಕರು ಸಿಟ್ಟಿನಿಂದ ಮಾತಾಡಿದರು ಅನ್ನುವುದು ನನಗೆ ಬೇಸರದ ಸಂಗತಿಯೇ. ಮೈಕ್ರೋಸ್ಕೋಪ್ ಮುಂದೆ ಕೈ ನಡುಗುತ್ತಾ ನಿಂತ ವಿದ್ಯಾರ್ಥಿಯ ಮೇಲೆ ಕೂಗಾಡುವುದು ಪರೀಕ್ಷೆ ಮಾಡುವ ರೀತಿ ಅಲ್ಲವೇ ಅಲ್ಲ. ಆದರೆ ಫಲಿತಾಂಶ ಬಂದ ಮೇಲೆ ಹೇಳುವ ದೂರನ್ನು ಕೋರ್ಟ್ ನಂಬುವುದು ಕಷ್ಟ. ಅದೇ ದಿನ ಅಥವಾ ಮರುದಿನ ಪ್ರಾಂಶುಪಾಲರಿಗೆ ಬರೆದುಕೊಟ್ಟಿದ್ದರೆ ಅದಕ್ಕೆ ಬೆಲೆ ಬೇರೆ. ದುರುದ್ದೇಶ ಇತ್ತು ಅಂತ ಹೇಳುವುದಾದರೆ ಆ ವ್ಯಕ್ತಿಯನ್ನೇ ಪ್ರತಿವಾದಿ ಮಾಡಬೇಕು, ಏನು ನಡೆಯಿತು ಅಂತ ವಿವರ ಕೊಡಬೇಕು. ಮೇಲಾಗಿ ನೀವು ಫೇಲಾದದ್ದು ಥಿಯರಿಯಲ್ಲಿ. ವೈವಾದ ವಿಷಯವನ್ನು ಈ ಅರ್ಜಿಗೆ ಎಳೆದು ತರಬೇಡಿ, ಇರುವ ಒಳ್ಳೆಯ ವಾದವೂ ದುರ್ಬಲವಾಗುತ್ತದೆ.

ಗ್ರೇಸ್ ಅಂಕದ ಬಗ್ಗೆ ತುಂಬಾ ಗೊಂದಲ ಇದೆ. ಹಳೆಯ ಮೆಡಿಕಲ್ ಕೌನ್ಸಿಲ್‌ನ 1997ರ ನಿಯಮಾವಳಿಯಲ್ಲಿ, ಒಂದೇ ವಿಷಯದಲ್ಲಿ ಫೇಲಾಗಿ ಉಳಿದೆಲ್ಲ ಪಾಸಾದವರಿಗೆ ವಿಶ್ವವಿದ್ಯಾಲಯ ತನ್ನ ವಿವೇಚನೆಯಿಂದ ಗರಿಷ್ಠ ಐದು ಅಂಕದವರೆಗೆ ಕೊಡಬಹುದು ಅಂತ ಇತ್ತು. ಸೀನಿಯರ್‌ಗಳು ನೆನಪಿಟ್ಟುಕೊಂಡಿರುವುದು ಅದನ್ನೇ. ‘ಕೊಡಬಹುದು’ ಅಂದರೆ ಕೊಡಲೇಬೇಕು ಅಂತಲ್ಲ. ಜೊತೆಗೆ ನೀವು ಓದುತ್ತಿರುವುದು ಅದರ ನಂತರ ಬಂದ ನಿಯಮಾವಳಿಯ ಕೆಳಗೆ. ನಿಮ್ಮದೇ ಪರೀಕ್ಷೆಯಲ್ಲಿ ನಿಮ್ಮದೇ ಸ್ಥಿತಿಯಲ್ಲಿದ್ದ ಬೇರೆಯವರಿಗೆ ಗ್ರೇಸ್ ಕೊಟ್ಟು ನಿಮಗೆ ಮಾತ್ರ ಬಿಟ್ಟಿದ್ದರೆ ಸಂವಿಧಾನದ 14ನೇ ವಿಧಿಯ ಸಮಾನತೆಯ ಪ್ರಶ್ನೆ ಬರುತ್ತದೆ. ಯಾರಿಗೂ ಕೊಡದಿದ್ದರೆ ಬರುವುದಿಲ್ಲ.

ಮಾವನಿಗೆ ಹೇಳಿ, ಗ್ರಾಹಕರ ಕೋರ್ಟ್ ಬೇಡ. ಪರೀಕ್ಷೆ ನಡೆಸುವುದು ಮಾರಾಟದ ಸೇವೆ ಅಲ್ಲ, ಪರೀಕ್ಷೆ ಬರೆದವರು ಗ್ರಾಹಕರಲ್ಲ ಅಂತ 2009ರಲ್ಲೇ ಬಿಹಾರ ಶಾಲಾ ಪರೀಕ್ಷಾ ಮಂಡಳಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿಯಾಗಿದೆ. ಹೋಗುವುದಾದರೆ ಸಂವಿಧಾನದ 226ನೇ ವಿಧಿಯ ಕೆಳಗೆ ಹೈಕೋರ್ಟಿಗೆ ರಿಟ್ ಅರ್ಜಿಯೇ ದಾರಿ.

ಅರ್ಜಿ ಹಾಕಿದರೂ ಪೂರಕ ಪರೀಕ್ಷೆಗೆ ಕಟ್ಟಿ, ಓದಿ, ಬರೆಯಿರಿ. ಬರೆದರೆ ಕೇಸ್ ಬಿಟ್ಟುಕೊಟ್ಟ ಹಾಗೆ ಆಗುತ್ತದೆ ಅಂತ ಹೆದರುವವರನ್ನು ನೋಡಿದ್ದೇನೆ. ‘ನನ್ನ ಆಕ್ಷೇಪಣೆಯನ್ನು ಉಳಿಸಿಕೊಂಡು, ಅರ್ಜಿಯ ತೀರ್ಮಾನಕ್ಕೆ ಒಳಪಟ್ಟು ಈ ಪರೀಕ್ಷೆ ಬರೆಯುತ್ತಿದ್ದೇನೆ’ ಅಂತ ಒಂದು ಪತ್ರ ಕೊಟ್ಟು ಸ್ವೀಕೃತಿ ಪಡೆಯಿರಿ. ಕೋರ್ಟಿನ ಮಧ್ಯಂತರ ಆದೇಶದಿಂದ ಮುಂದಿನ ತರಗತಿಗೆ ಕೂತರೂ, ಕೊನೆಗೆ ಅರ್ಜಿ ವಜಾ ಆದರೆ ಅಷ್ಟೂ ದಿನದ ಹಾಜರಾತಿ ಕೈಬಿಡಬಹುದು.

ಪೇಪರ್ ಮತ್ತು ನಿಯಮಾವಳಿ ಎರಡೂ ಬಂದ ಮೇಲೆ, ಯಾವ ಪುಟದಲ್ಲಿ ಯಾವ ಪ್ರಶ್ನೆಗೆ ಅಂಕ ಬಿದ್ದಿಲ್ಲ, ಇಬ್ಬರು ಮೌಲ್ಯಮಾಪಕರ ಅಂತರ ಎಷ್ಟು, ನಿಯಮದ ಯಾವ ಕಲಂ ಮುರಿದಿದೆ ಎಂಬುದನ್ನು ಒಂದೇ ಹಾಳೆಯಲ್ಲಿ ಬರೆದು ಕುಲಸಚಿವರಿಗೆ (ಮೌಲ್ಯಮಾಪನ) ಕೊಡಿ, ವಕೀಲರನ್ನು ನೋಡುವಾಗಲೂ ಅದೇ ಹಾಳೆ ತೆಗೆದುಕೊಂಡು ಹೋಗಿ. ಆ ಹಾಳೆಯಲ್ಲಿ ಬರೆಯಲು ಏನೂ ಸಿಗದಿದ್ದರೆ ರಿಟ್ ಹಾಕಬೇಡಿ, ಆ ಹಣ ಮತ್ತು ತಿಂಗಳುಗಳನ್ನು ಪೂರಕ ಪರೀಕ್ಷೆಗೆ ಇಡಿ.